ಷರಾ ಕಾಲಂ ಖಾಲಿ ಬಿಟ್ಟದ್ದರ ಫಲ

ತುಮಕೂರಿನ ಜಿಲ್ಲಾ ಮಟ್ಟದ ಕಚೇರಿಯೊಂದರ ಸಿಬ್ಬಂದಿ ಶಾಖೆಯಲ್ಲಿ ವಿಷಯ ನಿರ್ವಾಹಕನಾಗಿದ್ದಾಗ ಒಂದೇ ಜ್ಯೇಷ್ಠತಾ ಪಟ್ಟಿಯನ್ನು ಎರಡು ಸಲ ಬಿಚ್ಚಿ ಹೆಣೆದಿದ್ದೇನೆ. ಮೊದಲು 2017ರಲ್ಲಿ, ಆಮೇಲೆ 2019ರಲ್ಲಿ. ಎರಡಕ್ಕೂ ಸುಪ್ರೀಂ ಕೋರ್ಟಿನ ತೀರ್ಪೇ ಕಾರಣ. ಎರಡೂ ಪ್ರಕರಣಗಳಿಗೆ ಬಿ.ಕೆ. ಪವಿತ್ರ ಎಂಬ ಒಂದೇ ಹೆಸರು.

ತಕರಾರು ಏನೆಂದು ಮೊದಲು ಹೇಳಿಬಿಡುತ್ತೇನೆ. ಮುಂಬಡ್ತಿಯಲ್ಲಿ ಪರಿಶಿಷ್ಟ ಜಾತಿಗೆ ಶೇ. 15, ಪಂಗಡಕ್ಕೆ ಶೇ. 3 ಮೀಸಲಾತಿ ನಮ್ಮ ರಾಜ್ಯಕ್ಕೆ ಬಂದದ್ದು 1978ರ ಏಪ್ರಿಲ್ ಆದೇಶದಿಂದ. ಲೆಕ್ಕಕ್ಕೆ 33 ಬಿಂದುಗಳ ರೋಸ್ಟರ್, ಎಂದರೆ ಎಷ್ಟನೆಯ ಸರದಿ ಯಾವ ವರ್ಗಕ್ಕೆ ಎಂದು ಗುರುತಿಸಿದ ಪಟ್ಟಿ. ದ್ವಿತೀಯ ದರ್ಜೆ ಸಹಾಯಕರಲ್ಲಿ 12ನೆಯವರು ಸಾಮಾನ್ಯ ವರ್ಗ, 40ನೆಯವರು ಪರಿಶಿಷ್ಟ ಜಾತಿ ಎನ್ನಿ. ಮೀಸಲು ಬಿಂದುವಿನಲ್ಲಿ 40ನೆಯವರು 1996ರಲ್ಲೇ ಪ್ರಥಮ ದರ್ಜೆಗೆ ಏರಿದರು. 12ನೆಯವರ ಸರದಿ ಬಂದದ್ದು 2001ರಲ್ಲಿ. ಈಗ ಹಿರಿಯರು ಯಾರು? ಮೊದಲು ಏರಿದವರು ಎಂದರೆ ತತ್ಪರಿಣಾಮ ಜ್ಯೇಷ್ಠತೆ. 12ನೆಯವರು ಮೇಲೆ ಬಂದೊಡನೆ ಹಳೆಯ ಸ್ಥಾನ ಹಿಡಿಯುತ್ತಾರೆ ಎಂದರೆ ‘ಕ್ಯಾಚ್ ಅಪ್’ ನಿಯಮ. 2001ರ 85ನೆಯ ಸಂವಿಧಾನ ತಿದ್ದುಪಡಿ ಮೊದಲನೆಯದಕ್ಕೆ ದಾರಿ ಮಾಡಿತು, ರಾಜ್ಯ 2002ರಲ್ಲಿ ಕಾಯ್ದೆ ತಂದಿತು. ಪ್ರಾತಿನಿಧ್ಯದ ಕೊರತೆ, ಹಿಂದುಳಿದಿರುವಿಕೆ, ಆಡಳಿತ ದಕ್ಷತೆ ಇವನ್ನು ಅಳೆದು ನೋಡಿಲ್ಲವೆಂದು 2017ರ ಫೆಬ್ರವರಿ 9ರಂದು ತತ್ಪರಿಣಾಮ ಜ್ಯೇಷ್ಠತೆ ಕೊಡುತ್ತಿದ್ದ ಆ ಕಾಯ್ದೆಯ 3 ಮತ್ತು 4ನೆಯ ಸೆಕ್ಷನ್‌ಗಳು ಸುಪ್ರೀಂ ಕೋರ್ಟಿನಲ್ಲಿ ಬಿದ್ದುಹೋದವು. ಮೂರು ತಿಂಗಳಲ್ಲಿ ಪಟ್ಟಿ ಪರಿಷ್ಕರಿಸಬೇಕೆಂದು ತೀರ್ಪೇ ಹೇಳಿತ್ತು.

ಮೂರು ತಿಂಗಳು! ನಮ್ಮ ರೋಸ್ಟರ್ ವಹಿಯನ್ನು ಅಷ್ಟರಲ್ಲಾಗಲೇ ಗೆದ್ದಲು ಅರ್ಧ ಪರಿಷ್ಕರಿಸಿತ್ತು. ಉಳಿದ ಹಾಳೆಗಳಲ್ಲಿ ಹೆಸರಿದೆ, ದಿನಾಂಕವಿದೆ, ಷರಾ ಕಾಲಂ ಮಾತ್ರ ಖಾಲಿ. ಯಾರು ಯಾವ ಬಿಂದುವಿನ ಮೇಲೆ ಏರಿದರು ಎಂದು ಬರೆಯುವ ಜಾಗ ಅದು. ಅವಸರದಲ್ಲಿ ನಾನೊಂದು ಅಡ್ಡದಾರಿ ಹಿಡಿದೆ. ಪಟ್ಟಿಯಲ್ಲಿದ್ದ 64 ಪ್ರಥಮ ದರ್ಜೆ ಸಹಾಯಕರ ಪೈಕಿ ಪರಿಶಿಷ್ಟರು 14 ಮಂದಿ. ಹದಿನಾಲ್ಕೂ ಹೆಸರಿನ ಮುಂದೆ ಕೆಂಪು ಶಾಯಿಯಲ್ಲಿ ‘ಮೀಸಲು’ ಎಂದು ಬರೆದು ತಾತ್ಕಾಲಿಕ ಪಟ್ಟಿ ಹೊರಡಿಸಿದೆ.

ಆಕ್ಷೇಪಣೆಗಳು ಕಂತೆಯಾಗಿ ಬಂದವು. ಹೆಚ್ಚಿನವು ವಕೀಲರ ಭಾಷೆಯವು, ಒಂದರ ನಕಲು ಇನ್ನೊಂದು. ಕೆಲವರು ಮೇಜಿನ ಬಳಿ ಬಗ್ಗಿ “ತಾವು ಯಾವ ಪೈಕಿ?” ಎಂದು ವಿಚಾರಿಸಿಕೊಂಡೇ ಅರ್ಜಿ ಕೊಟ್ಟರು. ಮಧುಗಿರಿಯಿಂದ ಬಂದ ಮಹಿಳೆಯೊಬ್ಬರು ಮಾತ್ರ ಅರ್ಜಿಯನ್ನೇ ತಂದಿರಲಿಲ್ಲ. 1998ರ ಮುಂಬಡ್ತಿ ಆದೇಶದ ಮಾಸಿದ ಪ್ರತಿಯನ್ನು ನನ್ನ ಮುಂದಿಟ್ಟು, ಒಂದು ಸಾಲಿನ ಮೇಲೆ ಬೆರಳಿಟ್ಟರು.

“ಸರ್, ಕೆಳಗಿನ ದರ್ಜೆಯಲ್ಲಿ ನಾನು 22. ಈ ಆದೇಶದಲ್ಲಿ 21 ಇದ್ದಾರೆ, 23 ಇದ್ದಾರೆ, ನಡುವೆ ನಾನಿದ್ದೇನೆ. ನಾನು ಯಾರನ್ನು ದಾಟಿ ಬಂದೆ, ತೋರಿಸಿ.”

ತೋರಿಸಲು ಯಾರೂ ಇರಲಿಲ್ಲ. ಮೀಸಲಾತಿ ಇಲ್ಲದಿದ್ದರೂ ಆಕೆಗೆ ಅದೇ ದಿನ ಮುಂಬಡ್ತಿ ಬರುತ್ತಿತ್ತು. ಸ್ವಂತ ಸರದಿಯಲ್ಲಿ ಏರಿದವರನ್ನು ಮೀಸಲು ಬಿಂದುವಿನ ಖರ್ಚಿಗೆ ಹಾಕುವುದು ತಪ್ಪು. ಅವರಿಗೆ ಕ್ಯಾಚ್ ಅಪ್ ಪ್ರಶ್ನೆಯೇ ಏಳುವುದಿಲ್ಲ. ಇಪ್ಪತ್ತು ವರ್ಷದ ಗುಮಾಸ್ತಿಕೆಯಲ್ಲಿ ನನಗೆ ಅಷ್ಟು ನಾಚಿಕೆಯಾದದ್ದು ಮತ್ತೊಮ್ಮೆ ನೆನಪಿಲ್ಲ.

ಆಮೇಲೆ ಕಂಪ್ಯೂಟರ್ ಬಿಟ್ಟು ರಟ್ಟಿನ ಕಾರ್ಡುಗಳಿಗೆ ಇಳಿದೆ. ಒಬ್ಬರಿಗೆ ಒಂದು ಕಾರ್ಡು: ಆಯ್ಕೆ ಪಟ್ಟಿಯ ಕ್ರಮಾಂಕ, ಇಲಾಖಾ ಪರೀಕ್ಷೆ ಮುಗಿದ ದಿನ, ಮುಂಬಡ್ತಿ ಆದೇಶದ ಸಂಖ್ಯೆ, ಅದೇ ಆದೇಶದಲ್ಲಿದ್ದ ಹಿಂದಿನವರು ಮತ್ತು ಮುಂದಿನವರು. (ಆಯ್ಕೆ ಕ್ರಮಾಂಕವನ್ನೇ ಬರೆಯಬೇಕು. ಒಂದೇ ತಂಡದ ನೇರ ನೇಮಕಾತಿಯವರಲ್ಲಿ ಹಿರಿತನ ನಿಲ್ಲುವುದು ಅದರ ಮೇಲೆ. ಪಾವಗಡಕ್ಕೆ ಹಾಕಿದರೆಂದು ತಡವಾಗಿ ಹಾಜರಾದವರು ಅದರಿಂದ ಕಿರಿಯರಾಗುವುದಿಲ್ಲ.) ವಹಿಯ ಹಾಳೆ ಇಲ್ಲದ ಕಡೆ ತಾಲ್ಲೂಕುಗಳಿಂದ ಸೇವಾ ವಹಿ ತರಿಸಿದೆ; ಹತ್ತು ತಾಲ್ಲೂಕಿನಲ್ಲಿ ಎಂಟು ಮೊದಲ ಪತ್ರಕ್ಕೇ ಕಳಿಸಿದವು. ಹದಿನಾಲ್ವರಲ್ಲಿ ನಾಲ್ವರು ಸ್ವಂತ ಸರದಿಯವರೆಂದು ಹೊರಬಿತ್ತು. ಆ ನಾಲ್ಕು ಕಡೆ ಕೆಂಪು ಶಾಯಿ ಹೊಡೆದುಹಾಕಿ, ಕಾರಣ ಬರೆದು, ಅಧಿಕಾರಿಗಳಿಂದ ಸಹಿ ಮಾಡಿಸಿದೆ.

ಉಳಿದ ಹತ್ತು ಮಂದಿ ಕೆಳಗಿಳಿದರು. ಅವರಲ್ಲೊಬ್ಬರು ಅಷ್ಟರಲ್ಲಿ ಅಧೀಕ್ಷಕರಾಗಿದ್ದರು. ಹಿಂಬಡ್ತಿಯ ಟಿಪ್ಪಣಿ ಬರೆದವನು ನಾನೇ. ಆಗಲೇ ನಿವೃತ್ತರಾದವರಿಗೆ ತೀರ್ಪು ತಟ್ಟಬಾರದೆಂದಿತ್ತು, ಈ ಅಧೀಕ್ಷಕರ ನಿವೃತ್ತಿಗೆ ಇನ್ನೂ ಒಂದೂವರೆ ವರ್ಷವಿತ್ತು. ಕೊಠಡಿ ಖಾಲಿ ಮಾಡಿ ಹಳೆಯ ಮೇಜಿಗೆ ಬಂದು ಕುಳಿತರು, ಟಪಾಲು ತೆರೆದರು, ಅಲ್ಲಿಂದಲೇ ನಿವೃತ್ತರಾದರು.

ಅಷ್ಟರಲ್ಲಿ ಸರ್ಕಾರ ಹಿರಿಯ ಐಎಎಸ್ ಅಧಿಕಾರಿ ರತ್ನಪ್ರಭಾ ಅವರ ಸಮಿತಿಯಿಂದ ಅಂಕಿಅಂಶ ತರಿಸಿ, ತತ್ಪರಿಣಾಮ ಜ್ಯೇಷ್ಠತೆಯನ್ನು ಮರಳಿ ಕೊಡುವ ಹೊಸ ಕಾಯ್ದೆ ಮಾಡಿತ್ತು. 2018ರ ಜೂನ್‌ನಲ್ಲಿ ರಾಷ್ಟ್ರಪತಿಗಳ ಅಂಕಿತ ಬಿತ್ತು, 2019ರ ಮೇ 10ರಂದು ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಈ ಸಲ ಪಟ್ಟಿ ಸುಲಭವಾಯಿತು. ಕಾರ್ಡುಗಳನ್ನು ಮತ್ತೆ ಜೋಡಿಸಿದೆ, ಅಷ್ಟೇ.

ಅಧೀಕ್ಷಕರ ಮರುಸ್ಥಾಪನೆಯ ಆದೇಶವನ್ನು ಕ್ಯಾತ್ಸಂದ್ರದ ಅವರ ಮನೆಗೆ ನಾನೇ ಒಯ್ದೆ. ಕನ್ನಡಕ ಹುಡುಕಿ ಹಾಕಿಕೊಂಡು ಎರಡು ಸಲ ಓದಿದರು. ಹಿಂಬಡ್ತಿಯ ಮಾತನ್ನು ಅವರೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ.

“ಪಿಂಚಣಿ ಪರಿಷ್ಕರಣೆಗೆ ಇದರ ಎಷ್ಟು ಪ್ರತಿ ಬೇಕಾಗುತ್ತದೆ?” ಎಂದರು.

“ಮೂರು ಸರ್. ದೃಢೀಕರಿಸಿಯೇ ತಂದಿದ್ದೇನೆ” ಎಂದೆ.