ಬೆಂಚಿನ ಬಾಗಿಲ ಹತ್ತಿರದ ಗೋಲಿ

2017ರಲ್ಲಿ ಮೊದಲ ಸಲ ಸಂಬಳ ಕೊಡುವ ಐಸ್ ಹಾಕಿ ತಂಡ ಸೇರಿದಾಗ ಶಿವಮೊಗ್ಗದ ಅಜ್ಜಿಗೆ ಫೋನ್ ಮಾಡಿದ್ದೆ. "ಅಜ್ಜಿ, ಅಮೆರಿಕದ ಒಂದು ಟೀಮಲ್ಲಿ ಗೋಲಿ ಆಗಿ ಸೇರ್ಕೊಂಡೆ" ಅಂದೆ. ಈ ಕಡೆ ಗೋಲ್‌ಕೀಪರನ್ನು ಎಲ್ಲರೂ ಗೋಲಿ ಅಂತಲೇ ಕರೆಯುವುದು. ಆ ಕಡೆ ಸ್ವಲ್ಪ ಹೊತ್ತು ಸದ್ದಿಲ್ಲ. ಆಮೇಲೆ, "ಇಪ್ಪತ್ತೈದು ವರ್ಷದವನು ಗೋಲಿ ಆಡಿದ್ರೆ ಅಲ್ಲಿ ದುಡ್ಡು ಕೊಡ್ತಾರೇನೋ?" ಅಂತ ಕೇಳಿದರು. ಕೊಡ್ತಾರೆ ಅಜ್ಜಿ, ವಾರಕ್ಕೆ 500 ಡಾಲರಿಗಿಂತ ಸ್ವಲ್ಪ ಕಡಿಮೆ, ಅದೂ ಅಕ್ಟೋಬರಿನಿಂದ ಏಪ್ರಿಲ್‌ವರೆಗೆ ಮಾತ್ರ ಅಂದೆ. ಅಜ್ಜಿ ಅದನ್ನು ರೂಪಾಯಿಗೆ ತಂದು ಲೆಕ್ಕ ಹಾಕಿ, "ಪರವಾಗಿಲ್ಲ ಬಿಡು" ಅಂದರು. ರೂಪಾಯಿಗೆ ತಂದರೆ ಎಲ್ಲ ಕೆಲಸವೂ ಪರವಾಗಿಲ್ಲ. ಖರ್ಚು ಡಾಲರಲ್ಲೇ ಇದ್ದವನ ಪಾಡು ಬೇರೆ.

ನಾವು ಕೆನಡಾದ ಮಿಸ್ಸಿಸಾಗಾಕ್ಕೆ ಬಂದದ್ದು 2000ದಲ್ಲಿ. ನನಗೆ ಆಗ 8 ವರ್ಷ. ಇಲ್ಲಿನ ಮಕ್ಕಳು ನಾಲ್ಕು ವರ್ಷಕ್ಕೇ ಸ್ಕೇಟ್ ಕಟ್ಟಿಕೊಂಡಿರುತ್ತವೆ. ನನಗೆ ಐಸ್ ಮೇಲೆ ನಿಲ್ಲುವುದಕ್ಕೂ ಬರುತ್ತಿರಲಿಲ್ಲ. ನಮ್ಮ ಬಡಾವಣೆಯ ಮಕ್ಕಳ ತಂಡದಲ್ಲಿ ಗೋಲಿಯ ಪ್ಯಾಡು ಒಂದೇ ಸೆಟ್ ಇತ್ತು, ಸರದಿ ಮೇಲೆ ಹಾಕಿಕೊಳ್ಳಬೇಕು. ಸರದಿ ಬಂದಾಗ ಅಳುವವರೇ ಜಾಸ್ತಿ. ನಾನು ಅಳಲಿಲ್ಲ. ಒಂದೇ ಕಡೆ ನಿಂತರೆ ಬೀಳುವುದು ಕಡಿಮೆ ಅಂತ ಖುಷಿಯಾಗಿದ್ದೆ. ತಂಡದಲ್ಲಿ ಎಲ್ಲರಿಗಿಂತ ಚೆನ್ನಾಗಿ ಸ್ಕೇಟಿಂಗ್ ಬರಬೇಕಾದ್ದು ಗೋಲಿಗೇ ಅಂತ ಗೊತ್ತಾಗುವ ಹೊತ್ತಿಗೆ ಆ ಜಾಗ ನನಗೇ ಗಟ್ಟಿಯಾಗಿಹೋಗಿತ್ತು. ಅಪ್ಪನದ್ದು ಒಂದೇ ಷರತ್ತು: "ಡಿಗ್ರಿ ಮುಗಿಸು, ಆಮೇಲೆ ಏನು ಬೇಕಾದ್ರೂ ಮಾಡ್ಕೋ." ಹಾಗಾಗಿ ಜೂನಿಯರ್ ಹಾಕಿ, ಆಮೇಲೆ ಯೂನಿವರ್ಸಿಟಿ ತಂಡ, ಜೊತೆಗೆ ಮೆಕ್ಯಾನಿಕಲ್ ಎಂಜಿನಿಯರಿಂಗ್. ಎಲ್ಲ ಮುಗಿಯುವಾಗ 25.

ನಾನು ಆಡಿದ್ದು ಇಸಿಎಚ್ಎಲ್ ಅನ್ನುವ ಲೀಗಿನಲ್ಲಿ. ಎಲ್ಲಕ್ಕಿಂತ ಮೇಲೆ ಎನ್ಎಚ್ಎಲ್, ಅದರ ಕೆಳಗೆ ಎಎಚ್ಎಲ್, ಅದರ ಕೆಳಗೆ ನಮ್ಮದು. 1988ರಲ್ಲಿ 5 ತಂಡಗಳಿಂದ ಶುರುವಾದ ಲೀಗು. ಎನ್ಎಚ್ಎಲ್‌ನಲ್ಲಿ ಇವತ್ತು 32 ತಂಡ, ತಂಡಕ್ಕೆ 2 ಗೋಲಿ, ಒಟ್ಟು 64 ಜಾಗ. ಮೂರೂ ಮೆಟ್ಟಿಲು ಕೂಡಿಸಿದರೂ 200 ದಾಟುವುದಿಲ್ಲ. ಫಾರ್ವರ್ಡ್ ಆಟಗಾರ ಸರಿಯಾಗಿ ಆಡದಿದ್ದರೆ ಅವನನ್ನು ನಾಲ್ಕನೇ ಸಾಲಿಗೆ, ಅಂದರೆ ಎಲ್ಲರಿಗಿಂತ ಕಡಿಮೆ ಆಡುವ ಗುಂಪಿಗೆ ಹಾಕುತ್ತಾರೆ, ಐದು ನಿಮಿಷವಾದರೂ ಆಡಿಸುತ್ತಾರೆ. ಗೋಲಿಗೆ ಆ ಸೌಲಭ್ಯ ಇಲ್ಲ. ಬಲೆ ಒಂದೇ. ಒಬ್ಬ ನಿಂತರೆ ಇನ್ನೊಬ್ಬ ಕೂರಬೇಕು.

ಕೂರುವುದು ಅಂದರೆ ಸುಮ್ನೆ ಕೂರುವುದಲ್ಲ. ಬೆಂಚಿನ ಕೊನೆಯಲ್ಲಿ ಒಂದು ಬಾಗಿಲಿದೆ. ಆಟಗಾರರು ಮುಕ್ಕಾಲು ನಿಮಿಷಕ್ಕೊಮ್ಮೆ ಬದಲಾಗುತ್ತಲೇ ಇರುತ್ತಾರೆ. ಸುಸ್ತಾಗಿ ಬರುವವನಿಗೆ ಆ ಬಾಗಿಲು ತೆಗೆದು ಕೊಡುವುದು ಎರಡನೇ ಗೋಲಿಯ ಕೆಲಸ. ಇದಕ್ಕೆ ಯಾರೂ ತರಬೇತಿ ಕೊಡುವುದಿಲ್ಲ, ಆದರೆ ತಪ್ಪಿದರೆ ಮಾತ್ರ ಎಲ್ಲರೂ ಬೈಯುತ್ತಾರೆ. ತಡವಾಗಿ ತೆಗೆದರೆ ನಮ್ಮವನು ಐಸ್ ಮೇಲೇ ಸಿಕ್ಕಿಹಾಕಿಕೊಳ್ಳುತ್ತಾನೆ, ಅವನ ಬದಲಿಗೆ ಹಾರಿದವನೂ ಐಸ್ ಮೇಲಿದ್ದರೆ ತಲೆ ಜಾಸ್ತಿ ಅಂತ ಎರಡು ನಿಮಿಷ ಪೆನಾಲ್ಟಿ. ಬೇಗ ತೆಗೆದರೆ ಗೋಡೆಗೆ ಅಂಟಿಕೊಂಡು ಬರುವ ಪಕ್, ಅಂದರೆ ಆಟದ ರಬ್ಬರ್ ಬಿಲ್ಲೆ, ನೇರ ಬೆಂಚಿಗೇ ನುಗ್ಗುತ್ತದೆ. ಮೊದಲ ಸೀಸನ್ನಿನ 72 ಪಂದ್ಯದಲ್ಲಿ ನಾನು ಬಲೆ ಮುಂದೆ ನಿಂತದ್ದು 19. ಉಳಿದ ರಾತ್ರಿಗಳಲ್ಲಿ ನಾನು ಬಾಗಿಲು ಕಾಯುವವನು.

ಇನ್ನೊಬ್ಬ ಗೋಲಿ ನನಗಿಂತ ನಾಲ್ಕು ವರ್ಷ ಚಿಕ್ಕವನು. ಅವನಿಗೆ ಮೇಲಿನ ಎನ್ಎಚ್ಎಲ್ ತಂಡದ ಜೊತೆ ಒಪ್ಪಂದ ಇತ್ತು. ಅವನನ್ನು ಬೆಳೆಸಲಿ ಅಂತಲೇ ನಮ್ಮ ತಂಡಕ್ಕೆ ಕಳಿಸಿದ್ದರು. ಅವನು ಸೋತರೂ ಮಾರನೇ ದಿನ ಅವನೇ ಆಡುತ್ತಾನೆ. ನಾನು ಗೆದ್ದರೂ ಮಾರನೇ ದಿನ ಬಾಗಿಲ ಹತ್ತಿರ. ಕೋಚ್ ಇದನ್ನು ಮೊದಲ ದಿನವೇ ನೇರವಾಗಿ ಹೇಳಿದ್ದರಿಂದ ನನಗೆ ಅವರ ಮೇಲೆ ಸಿಟ್ಟಿಲ್ಲ. ಮುಂದೆ ಬೇರೆ ಕಡೆ ಸುಳ್ಳು ಹೇಳಿದವರೂ ಸಿಕ್ಕರು. ಸಮಾಧಾನ ಮಾಡುವವರು ಯಾವಾಗಲೂ ಅದೇ ಮೂರು ಹೆಸರು ಹೇಳುತ್ತಿದ್ದರು. ಜೊನಾಥನ್ ಕ್ವಿಕ್ ರೆಡಿಂಗ್‌ನಲ್ಲಿ ಆಡಿದ್ದ, ಬ್ರೇಡನ್ ಹೋಲ್ಟ್‌ಬಿ ಸೌತ್ ಕೆರೊಲಿನಾದಲ್ಲಿ, ಜೋರ್ಡನ್ ಬಿನ್ನಿಂಗ್ಟನ್ ಕಲಮಝೂನಲ್ಲಿ. ಮೂವರೂ ಇದೇ ಲೀಗಿನಿಂದ ಹೋಗಿ ಎನ್ಎಚ್ಎಲ್ ಗೆದ್ದವರಿಗೆ ಕೊಡುವ ಸ್ಟ್ಯಾನ್ಲಿ ಕಪ್ ಎತ್ತಿದವರು. ಸರಿ. ಆದರೆ ಆ ಮೂವರೂ ಈ ಲೀಗಿಗೆ ಬಂದಾಗ ನನ್ನ ಪಕ್ಕದವನ ಥರ ಬಂದವರು, ನನ್ನ ಥರ ಅಲ್ಲ.

ಹಾಗಾದರೆ ನನ್ನಂಥವನಿಗೆ ಆಟ ಸಿಗುವುದು ಯಾವಾಗ? ಮೇಲೆ ಯಾರಿಗೋ ಪೆಟ್ಟಾದಾಗ. ಎನ್ಎಚ್ಎಲ್‌ನ ಗೋಲಿಗೆ ತೊಡೆಸಂದು ಹಿಡಿದುಕೊಂಡರೆ ಎಎಚ್ಎಲ್‌ನವನು ಮೇಲೆ ಹೋಗುತ್ತಾನೆ, ಆ ಖಾಲಿ ಜಾಗಕ್ಕೆ ನಮ್ಮ ಹುಡುಗ ಹೋಗುತ್ತಾನೆ, ಆಗ ನಾನು ಆಡುತ್ತೇನೆ. ನನ್ನ ಜಾಗದಲ್ಲಿ ಬಾಗಿಲ ಹತ್ತಿರ ನಿಲ್ಲುವುದಕ್ಕೆ ಇನ್ನೂ ಕೆಳಗಿನ ಲೀಗಿನಿಂದ ಒಬ್ಬ ರಾತ್ರೋರಾತ್ರಿ ಕಾರು ಓಡಿಸಿಕೊಂಡು ಬರುತ್ತಾನೆ. ಅವನೂ ಸಿಗದಿದ್ದರೆ ಊರಿನಲ್ಲಿ ಹಿಂದೆ ಆಡಿದ್ದ ಯಾರೋ ಮೇಷ್ಟ್ರು, ಯಾರೋ ಪ್ಲಂಬರ್. ರಾತ್ರಿ ಮಲಗುವ ಮುಂಚೆ ಮೇಲಿನ ತಂಡಗಳ ಪಂದ್ಯದ ವರದಿ ನೋಡುವುದು ಅಭ್ಯಾಸವಾಗಿಬಿಟ್ಟಿತ್ತು. ಯಾರು ಗೆದ್ದರು ಅಂತಲ್ಲ, ಗೋಲಿ ಮಧ್ಯದಲ್ಲಿ ಎದ್ದು ಹೋದನಾ ಅಂತ. ಇದು ಒಳ್ಳೆಯ ಬುದ್ಧಿ ಅಲ್ಲ, ಗೊತ್ತು. ಆದರೂ ನೋಡುತ್ತಿದ್ದೆ.

ಬೆಂಚಿನ ಮೇಲಿನ ಹೊತ್ತನ್ನು ನಾನು ಖರ್ಚು ಮಾಡಿದ್ದು ಒಂದು ಪುಟ್ಟ ನೋಟ್‌ಬುಕ್ಕಿಗೆ. ಇಸಿಎಚ್ಎಲ್‌ನಲ್ಲಿ ದೂರದ ಪ್ರಯಾಣ ಉಳಿಸಲಿ ಅಂತ ಸುತ್ತಮುತ್ತಲಿನ ತಂಡಗಳ ಜೊತೆಗೇ ಮತ್ತೆ ಮತ್ತೆ ಆಡಿಸುತ್ತಾರೆ. ಒಂದೇ ತಂಡದ ಮುಖ ವರ್ಷಕ್ಕೆ ಹತ್ತು ಸಲ ನೋಡುತ್ತೇವೆ. ಹಾಗಾಗಿ ಯಾವ ಆಟಗಾರ ಹೇಗೆ ಹೊಡೆಯುತ್ತಾನೆ ಅಂತ ಬರೆದಿಟ್ಟರೆ ಅದು ಉಪಯೋಗಕ್ಕೆ ಬರುತ್ತದೆ. ವಿರಾಮದಲ್ಲಿ ಒಳಗೆ ಹೋಗಿ ಬರೆಯುತ್ತಿದ್ದೆ, ಕನ್ನಡದಲ್ಲಿ. ಅಕ್ಷರ ಮೂರನೇ ಕ್ಲಾಸಿನದ್ದೇ, ಕಾಗುಣಿತ ತಪ್ಪಿದರೆ ತಿದ್ದುವವರಿಲ್ಲ. "22, ಎಡಗೈ. ಮೊಣಕೈ ಒಳಗೆ ಎಳೆದರೆ ಎತ್ತರಕ್ಕೆ." "9, ನೋಡೋದು ಎಡಕ್ಕೆ, ಕೊಡೋದು ಬಲಕ್ಕೆ." "17, ಸುಮ್ನೆ ಹೊಡೀತಾನೆ, ಅವನಿಗೇ ಗೊತ್ತಿಲ್ಲ." ಈ ಕೊನೆಯವರೇ ಅಪಾಯ. ತಂಡದ ಹುಡುಗರು ಪುಸ್ತಕ ಕಸಿದುಕೊಂಡು ನೋಡಿ ಏನೂ ತಿಳಿಯದೆ ವಾಪಸ್ ಕೊಡುತ್ತಿದ್ದರು. ನಾನು ಅವರ ಬಗ್ಗೆಯೂ ಬರೆದಿದ್ದೆ, ಪುಣ್ಯಕ್ಕೆ ಕನ್ನಡದಲ್ಲಿತ್ತು. ಈ ಲೀಗಿನಲ್ಲಿ ಇವತ್ತಿನ ಜೊತೆಗಾರ ಮುಂದಿನ ವಾರ ಎದುರಾಳಿ.

ಪಕ್ ತೂಗುವುದು 170 ಗ್ರಾಂ. ಪುಟಿಯಬಾರದು ಅಂತ ಪಂದ್ಯಕ್ಕೆ ಮುಂಚೆ ಫ್ರೀಜರಿನಲ್ಲಿ ಇಟ್ಟಿರುತ್ತಾರೆ. ಐಸ್‌ಗೆ ಅಡ್ಡಲಾಗಿ ಎಳೆದ ನೀಲಿ ಗೆರೆಯ ಹತ್ತಿರದಿಂದ ಗಂಟೆಗೆ 140 ಕಿಲೋಮೀಟರ್ ವೇಗದಲ್ಲಿ ಹೊಡೆದರೆ ನಮ್ಮ ಹತ್ತಿರ ಬರುವುದಕ್ಕೆ ಅರ್ಧ ಸೆಕೆಂಡು. ಅದೂ ಮುಂದೆ ಯಾರೂ ಅಡ್ಡ ಇಲ್ಲದಿದ್ದರೆ. ನೋಡಿ, ಯೋಚಿಸಿ, ಕೈ ಚಾಚಿ ಹಿಡಿಯುವ ಆಟ ಅಲ್ಲ ಇದು. ಬಲೆ 6 ಅಡಿ ಅಗಲ, 4 ಅಡಿ ಎತ್ತರ. ಒಂದು ಹೆಜ್ಜೆ ಮುಂದೆ ಬಂದರೆ ಹೊಡೆಯುವವನಿಗೆ ಬಲೆ ಚಿಕ್ಕದಾಗಿ ಕಾಣುತ್ತದೆ, ಆದರೆ ಅವನು ಪಕ್ಕಕ್ಕೆ ಪಾಸ್ ಕೊಟ್ಟರೆ ನಾನು ದೂರ ಓಡಬೇಕು. ಆ ಒಂದು ಹೆಜ್ಜೆ ಎಲ್ಲಿ ಇಡಬೇಕು ಅನ್ನುವುದಕ್ಕೇ ನನ್ನ ಐದು ವರ್ಷ ಹೋಯಿತು. ಚೆನ್ನಾಗಿ ಆಡಿದ ದಿನ ಗೋಲಿ ಏನೂ ಮಾಡದ ಹಾಗೆ ಕಾಣುತ್ತಾನೆ. ಪಕ್ ಬಂದು ಎದೆಗೆ ಬಡಿದು ಅಲ್ಲೇ ನಿಲ್ಲುತ್ತದೆ. ಹಾರಿ ಬಿದ್ದು ಹಿಡಿದದ್ದಕ್ಕೆ ಜನ ಚಪ್ಪಾಳೆ ತಟ್ಟಿದರೆ ಅರ್ಧ ಸಲ ನಾನು ತಪ್ಪು ಜಾಗದಲ್ಲಿದ್ದೆ ಅಂತ ಅರ್ಥ.

ಲೆಕ್ಕ ಇನ್ನೂ ಕ್ರೂರ. ಪಂದ್ಯಕ್ಕೆ 30 ಹೊಡೆತ ಅಂದುಕೊಳ್ಳಿ. ನೂರಕ್ಕೆ 90 ತಡೆದರೆ ನೀವು ಸಾಧಾರಣ, ಕೆಲಸ ಹೋಗಬಹುದು. ನೂರಕ್ಕೆ 92 ತಡೆದರೆ ಮೇಲಿನವರು ನಿಮ್ಮ ಹೆಸರು ಕೇಳುತ್ತಾರೆ. ಎರಡರ ಮಧ್ಯೆ ಇರುವುದು ಐದು ಪಂದ್ಯಕ್ಕೆ ಮೂರು ಗೋಲು. ಅದರಲ್ಲಿ ಒಂದು ನಮ್ಮವನದ್ದೇ ಸ್ಕೇಟಿಗೆ ತಾಗಿ ಒಳಗೆ ಹೋಗಿರುತ್ತದೆ.

ಪಂದ್ಯದ ನಡುವೆ ಬಲೆಗೆ ಇಳಿಯುವುದು ಬೇರೆಯದೇ ವಿದ್ಯೆ. ಒಂದೂವರೆ ಗಂಟೆ ಬಾಗಿಲು ತೆಗೆದು ಮುಚ್ಚಿ ಮೈ ತಣ್ಣಗಾಗಿರುತ್ತದೆ. ಕೋಚ್ ಒಂದು ಸಲ ತಲೆ ಆಡಿಸಿದರೆ ಮುಗಿಯಿತು, ಹೆಲ್ಮೆಟ್ ಹಾಕಿ ಹೋಗಬೇಕು. ಇದಕ್ಕೆ ನಾನು ಮಾಡಿಕೊಂಡದ್ದು ಇಷ್ಟೇ. ಪ್ರತಿ ವಿರಾಮದಲ್ಲಿ ಕಾರಿಡಾರಿನ ಗೋಡೆಗೆ ಎರಡು ಟೆನಿಸ್ ಬಾಲ್ ಎಸೆದು ಹಿಡಿಯುತ್ತಿದ್ದೆ, ಕಣ್ಣು ಎಚ್ಚರ ಇರಲಿ ಅಂತ. ಬೆಂಚಿನಲ್ಲಿ ಕೂರದೆ ನಿಂತೇ ಇರುತ್ತಿದ್ದೆ, ಸೊಂಟ ಬಿಗಿಯದಿರಲಿ ಅಂತ. ಒಳಗೆ ಹೋದ ಮೇಲೆ ಮೊದಲ ಪಕ್ ಎಷ್ಟೇ ಮೆತ್ತಗೆ ಬಂದರೂ ಮುಚ್ಚಿಹಿಡಿದು ಆಟ ನಿಲ್ಲಿಸುತ್ತಿದ್ದೆ. ಒಂದು ಸಲ ಉಸಿರು ಬಿಡುವುದಕ್ಕೆ ಅಷ್ಟು ಸಾಕು.

ಉಳಿದದ್ದೆಲ್ಲ ಬಸ್ಸು. ಶುಕ್ರವಾರ, ಶನಿವಾರ, ಭಾನುವಾರ ಮೂರು ಊರಲ್ಲಿ ಮೂರು ಪಂದ್ಯ ಈ ಲೀಗಿನಲ್ಲಿ ಮಾಮೂಲು. ಒದ್ದೆ ಪ್ಯಾಡು ಒಣಗುವುದಿಲ್ಲ, ಒದ್ದೆಯಲ್ಲೇ ಮತ್ತೆ ಹಾಕಿಕೊಳ್ಳಬೇಕು. ಸರಂಜಾಮು ಎಲ್ಲ ಸೇರಿ ಹೆಚ್ಚುಕಡಿಮೆ 20 ಕಿಲೋ, ಬೆವರು ಕುಡಿದ ಮೇಲೆ ಇನ್ನೂ ಜಾಸ್ತಿ. ಮನೆ ಬಾಡಿಗೆ ತಂಡದ್ದು, ಇಬ್ಬರಿಗೊಂದು ಫ್ಲಾಟು. ಎರಡನೇ ವರ್ಷ ನನ್ನನ್ನು ಇನ್ನೊಂದು ತಂಡಕ್ಕೆ ಕೊಟ್ಟರು. ಬದಲಿಗೆ ಏನು ಸಿಕ್ಕಿತು ಅಂತ ಕೇಳಿದರೆ, ಮುಂದೆ ನೋಡಿಕೊಳ್ಳೋಣ ಅಂತ ಬರೆದುಕೊಂಡಿದ್ದರು. ನಮ್ಮ ಲೀಗಿನಲ್ಲಿ ಇದು ಸಾಮಾನ್ಯ. ಅಪ್ಪನಿಗೆ ವಿವರಿಸಿದೆ. "ಅಂದ್ರೆ ಶೆಟ್ರ ಅಂಗಡಿ ಉದ್ರಿ ಲೆಕ್ಕ" ಅಂದರು. ಹೌದು, ನನ್ನನ್ನು ಉದ್ರಿಗೆ ಕೊಟ್ಟರು. ಆ ಸಾಲ ತೀರಿತಾ ಅಂತ ಇವತ್ತಿಗೂ ಗೊತ್ತಿಲ್ಲ.

ಒಂದು ರಾತ್ರಿಯ ವಿಷಯ ಹೇಳಲೇಬೇಕು. ಕ್ರಿಸ್‌ಮಸ್ ಹತ್ತಿರ ಬಂದಾಗ ಇಲ್ಲಿ ಟೆಡ್ಡಿ ಬೇರ್ ರಾತ್ರಿ ಅಂತ ಮಾಡುತ್ತಾರೆ. ಜನ ಮನೆಯಿಂದ ಗೊಂಬೆ ಕರಡಿ ತಂದಿರುತ್ತಾರೆ. ಊರಿನ ತಂಡ ಮೊದಲ ಗೋಲು ಹೊಡೆದ ತಕ್ಷಣ ಎಲ್ಲರೂ ಐಸ್ ಮೇಲೆ ಎಸೆಯಬೇಕು, ಆಮೇಲೆ ಅವು ಬಡ ಮಕ್ಕಳಿಗೆ ಹೋಗುತ್ತವೆ. ಒಳ್ಳೆಯ ಕೆಲಸವೇ. ಆದರೆ ಹೊರ ಊರಿನಿಂದ ಬಂದ ಗೋಲಿಯ ಸ್ಥಿತಿ ಯೋಚಿಸಿ. ಸಾವಿರಾರು ಜನ, ಅದರಲ್ಲಿ ಅರ್ಧ ಮಕ್ಕಳು, ಕೈಯಲ್ಲಿ ಕರಡಿ ಹಿಡಿದುಕೊಂಡು ನಾನು ಯಾವಾಗ ಗೋಲು ಬಿಡುತ್ತೇನೆ ಅಂತ ಕಾಯುತ್ತಿದ್ದಾರೆ. ಪಂದ್ಯದ ಮೂರು ಪೀರಿಯಡ್‌ನಲ್ಲಿ ಎರಡು ಮುಗಿದರೂ ನಾನು ಬಿಡಲೇ ಇಲ್ಲ. ಜೀವನದಲ್ಲಿ ಅಷ್ಟು ಚೆನ್ನಾಗಿ ಆಡಿದ್ದು ಆವತ್ತೇ. ಗಾಜಿನ ಹಿಂದೆ ಒಬ್ಬ ಪುಟ್ಟ ಹುಡುಗಿ ಅಳುವುದಕ್ಕೆ ಶುರು ಮಾಡಿದಳು. ಮೂರನೆಯದರಲ್ಲಿ ಯಾರದೋ ಕಾಲಿಗೆ ತಾಗಿ ಒಂದು ಒಳಗೆ ಹೋಯಿತು. ಮೇಲಿಂದ ಕರಡಿ ಸುರಿಯಿತು. ಹೆಲ್ಮೆಟ್ ಮೇಲೆ, ಬಲೆ ಮೇಲೆ, ಬೆನ್ನ ಮೇಲೆ. ನಮ್ಮವರೆಲ್ಲ ಓಡಿ ಬೆಂಚಿಗೆ ಬಂದೆವು. ಬಾಗಿಲು ತೆಗೆದ ಹುಡುಗ ನಗು ತಡೆಯಲಾರದೆ ಒದ್ದಾಡುತ್ತಿದ್ದ. ಐಸ್ ಗುಡಿಸುವುದಕ್ಕೆ ಅರ್ಧ ಗಂಟೆ ಹಿಡಿಯಿತು.

2020ರ ಫೆಬ್ರವರಿ 22ರ ರಾತ್ರಿ ನಾವು ಹೋಟೆಲಿನಲ್ಲಿದ್ದೆವು. ಟೊರಾಂಟೊದಲ್ಲಿ ಎನ್ಎಚ್ಎಲ್‌ನ ಕೆರೊಲಿನಾ ತಂಡದ ಇಬ್ಬರೂ ಗೋಲಿಗಳಿಗೆ ಪೆಟ್ಟಾಗಿ, ತುರ್ತಿಗೆ ಅಂತ ಕೂರಿಸಿದ್ದ 42 ವರ್ಷದ ಡೇವಿಡ್ ಏರ್ಸ್ ಬಲೆಗೆ ಇಳಿದರು. ಹಿಂದೆ ಐಸ್ ನುಣುಪು ಮಾಡುವ ಝಂಬೋನಿ ಓಡಿಸುತ್ತಿದ್ದವರು. ಮೊದಲ ಎರಡು ಹೊಡೆತ ಎರಡೂ ಗೋಲು. ಆಮೇಲೆ ಬಂದ 8 ಹೊಡೆತ ತಡೆದರು. ಕೆರೊಲಿನಾ 6-3ಕ್ಕೆ ಗೆದ್ದಿತು. ನನ್ನ ಮಿಸ್ಸಿಸಾಗಾದ ಮನೆಯಿಂದ ಆ ಮೈದಾನ ಅರ್ಧ ಗಂಟೆ ದಾರಿ. ರೂಮಿನಲ್ಲಿ ಎಲ್ಲರೂ ಕೂಗಿ ಕುಣಿಯುತ್ತಿದ್ದರು, ನಾನೂ ಕುಣಿದೆ. ಆಮೇಲೆ ಬಾತ್‌ರೂಮಿಗೆ ಹೋಗಿ ಸ್ವಲ್ಪ ಹೊತ್ತು ಕೂತಿದ್ದೆ. ಹೊಟ್ಟೆಕಿಚ್ಚಾ? ಇರಬಹುದು. ಮೂರು ವಾರದಲ್ಲಿ ಕೋವಿಡ್ ಬಂದು ನಮ್ಮ ಸೀಸನ್ ಅರ್ಧಕ್ಕೇ ರದ್ದಾಯಿತು. ಸಂಬಳವೂ ನಿಂತಿತು.

ಮುಗಿಸಿದ್ದು ಸೊಂಟ. ಈಗಿನ ಗೋಲಿಗಳು ಮಂಡಿ ಒಳಕ್ಕೆ ತಿರುಗಿಸಿ ಪ್ಯಾಡು ಐಸ್ ಮೇಲೆ ಚಾಚಿ ಕೂರುತ್ತಾರೆ, ಇದಕ್ಕೆ ಬಟರ್‌ಫ್ಲೈ ಅನ್ನುತ್ತಾರೆ. ದಿನಕ್ಕೆ ನೂರಾರು ಸಲ ಹಾಗೆ ಬಿದ್ದು ಎದ್ದರೆ ಸೊಂಟದ ಕೀಲು ಸವೆಯುತ್ತದೆ. ಮೊದಲು ನೋಡಿದ ಡಾಕ್ಟರು ಸ್ನಾಯು ಎಳೆತ ಅಂದರು, ಅದನ್ನು ನಂಬಿ ಒಂದು ವರ್ಷ ಆಡಿದೆ. ಅದು ನಾನು ಮಾಡಿದ ದೊಡ್ಡ ತಪ್ಪು. ಕಾರು ಹತ್ತುವಾಗ ಕಾಲು ಎತ್ತಲು ಕಷ್ಟವಾದರೆ ಎರಡನೇ ಡಾಕ್ಟರನ್ನು ಕೇಳಿ. 2022ರಲ್ಲಿ ಆಪರೇಷನ್ ಆಯಿತು. ಆಮೇಲೆ ಯಾವ ತಂಡದಿಂದಲೂ ಫೋನ್ ಬರಲಿಲ್ಲ, ನಾನೂ ಮಾಡಲಿಲ್ಲ.

ಈಗ ಪೈಪ್ ಕಂಪನಿಯೊಂದರಲ್ಲಿ ಎಂಜಿನಿಯರ್. ಅಪ್ಪನ ಷರತ್ತು ಕೈಹಿಡಿಯಿತು. ಶನಿವಾರ ಬೆಳಿಗ್ಗೆ ಏಳೆಂಟು ಮಕ್ಕಳಿಗೆ ಗೋಲಿ ಪಾಠ ಹೇಳುತ್ತೇನೆ. ಹೋದ ಚಳಿಗಾಲ ಆಫೀಸಿನವರ ಬುಧವಾರದ ಆಟಕ್ಕೆ ಸೇರಿದೆ, ರಾತ್ರಿ 10:45ಕ್ಕೆ ಸಿಗುವ ಐಸ್. ಇಲ್ಲಿ ಇಂಥ ಆಟಗಳಲ್ಲಿ ಗೋಲಿಯಾದವನು ದುಡ್ಡು ಕೊಡಬೇಕಾಗಿಲ್ಲ, ಯಾಕಂದರೆ ಗೋಲಿ ಸಿಗುವುದೇ ಕಷ್ಟ. ನಾನು ಮಾತ್ರ ಪೂರ್ತಿ ಫೀಸು ಕಟ್ಟಿ ಫಾರ್ವರ್ಡ್ ಆಗಿ ಆಡುತ್ತಿದ್ದೇನೆ. ಇನ್ನೂ ಒಂದು ಗೋಲೂ ಹೊಡೆದಿಲ್ಲ. ಬದಲಾಗಿ ಬಂದು ಬೆಂಚಿನಲ್ಲಿ ಕೂತಾಗ ಕೈ ತಾನಾಗೇ ಬಾಗಿಲ ಚಿಲಕಕ್ಕೆ ಹೋಗುತ್ತದೆ. "ಬಿಡೋ, ನಾವೇ ತಗೋತೀವಿ" ಅಂತ ಜೊತೆಯವರು ನಗುತ್ತಾರೆ.