ಮಗಳ ಸೈಕಲ್ಲು, ಬಳ್ಳಾರಿ ಬಿಸಿಲು: ನನ್ನ ಅನುಭವ

ನಾನು ಕೌಲ್ ಬಜಾರ್ ಕಡೆ ಒಂದು ಜೀನ್ಸ್ ಯುನಿಟ್‌ನಾಗೆ ಲೆಕ್ಕ ಬರೀತೀನಿ. ಮನೆ ಹೊಸಪೇಟೆ ರೋಡ್ ಕಡೆ, ಮಧ್ಯೆ ರಾಯಲ್ ಸರ್ಕಲ್ ದಾಟಬೇಕು, ಹೋಗಿ ಬರೋದು ಸೇರಿ ದಿನಕ್ಕೆ 11 ಕಿಲೋಮೀಟರ್. ಎರಡು ವರ್ಷ ಆಯ್ತು, ಬೈಕ್ ಬಿಟ್ಟು ಸೈಕಲ್ ಮೇಲೇ ಓಡಾಡ್ತಿದೀನಿ, ಅದೂ ಮಗಳ ಸೈಕಲ್ ಮೇಲೆ.

ಪರಿಸರ ಗಿರಿಸರ ಅಂತ ಏನೂ ತಲೇಲಿ ಇರ್ಲಿಲ್ಲ ಬಿಡ್ರಿ. ಬೈಕ್ ಇಂಜಿನ್ ಕೆಲಸಕ್ಕೆ ಬಿಟ್ಟಿದ್ದೆ, ನಾಳೆ ಬಾ ನಾಡಿದ್ದು ಬಾ ಅಂತ ಎಂಟು ದಿನ ಎಳೆದ್ರು, ದಿನಾ ಆಟೋಗೆ ಕೊಟ್ಟು ಕೊಟ್ಟು ತಲೆ ಕೆಟ್ಟು ಮೆಟ್ಟಿಲ ಕೆಳಗೆ ನಿಂತಿದ್ದ ಸೈಕಲ್ ಈಚೆಗೆ ಎಳೆದೆ. ಮಗಳು 8ನೇ ಕ್ಲಾಸ್‌ನಾಗೆ ಇದ್ದಾಗ ಸರ್ಕಾರಿ ಸ್ಕೂಲ್‌ನಲ್ಲಿ ಕೊಟ್ಟಿದ್ದು. 2006-07ರಲ್ಲಿ ಶುರುವಾದ ಸ್ಕೀಮ್ ಅದು, ಕೋವಿಡ್ ಬಂದಾಗ ನಿಂತೋಯ್ತು. ಆಕಿ ಈಗ ಧಾರವಾಡದಾಗೆ ಓದ್ತಾಳೆ, ಸೈಕಲ್ಲು ಇಲ್ಲಿ ಧೂಳು ತಿಂತಿತ್ತು. ಲೇಡೀಸ್ ಸೈಕಲ್, ಮುಂದೆ ಬುಟ್ಟಿ. ಮೊದಲ ದಿನ ಯುನಿಟ್ ಗೇಟ್ ಒಳಗೆ ಹೋದಾಗ ಕಟಿಂಗ್ ಮಾಸ್ಟರ್ "ಏನಣ್ಣಾ, ಟ್ಯೂಷನ್‌ಗೆ ಹೊಂಟಿಯಾ" ಅಂದ, ಹೊಲಿಯೋ ಹೆಣ್ಮಕ್ಕಳೆಲ್ಲ ಮಿಷಿನ್ ನಿಲ್ಸಿ ನಕ್ರು.

ಆದ್ರೆ ಇಂಥಾ ಸೈಕಲ್ಲೇ ಸರಿ ಅಂತ ಆಮೇಲೆ ಗೊತ್ತಾಯ್ತು. ತಿಂಗಳಾದ ಮೇಲೆ ಹುಮ್ಮಸ್ಸು ಜಾಸ್ತಿಯಾಗಿ ಸೆಕೆಂಡ್ ಹ್ಯಾಂಡ್‌ನಾಗೆ ಒಂದು ಗೇರ್ ಸೈಕಲ್ ತಗೊಂಡಿದ್ದೆ, ದಪ್ಪ ಟೈರು, ಮುಂದೆ ಶಾಕ್ ಅಬ್ಸಾರ್ಬರ್ ಎಲ್ಲಾ. ಮಡ್‌ಗಾರ್ಡ್ ಇಲ್ಲ, ಕ್ಯಾರಿಯರ್ ಇಲ್ಲ, ಸ್ಟ್ಯಾಂಡ್ ಇಲ್ಲ, ಚೈನ್ ಕವರ್ ಅಂತೂ ಇಲ್ವೇ ಇಲ್ಲ. ಮೊದಲ ಮಳೆಗೇ ಬೆನ್ನ ಮೇಲೆ ಕೆಮ್ಮಣ್ಣಿನ ಪಟ್ಟೆ, ಪ್ಯಾಂಟ್ ಕಾಲಿಗೆ ಗ್ರೀಸು, ಟಿಫನ್ ಬಾಕ್ಸ್ ಇಡೋಕೆ ಜಾಗ ಇಲ್ದೆ ಹ್ಯಾಂಡಲ್‌ಗೆ ನೇತಾಕ್ಕೊಂಡು ಹೋಗಿ ಸಾರೆಲ್ಲ ಚೆಲ್ಲಿತು. ನಮ್ಮೂರು ಅಲ್ಲಿ ಇಲ್ಲಿ ಗುಡ್ಡ ಇದ್ರೂ ರೋಡೆಲ್ಲ ಸಮ, ಕೋಟೆ ಗುಡ್ಡ ಹತ್ತೋರಿಗೆ ಬೇಕಾದ್ರೆ ಗೇರ್ ಬೇಕು, ರಾಯಲ್ ಸರ್ಕಲ್‌ಗೆ ಯಾಕೆ? ಎರಡು ಸಾವಿರ ಲಾಸ್‌ಗೆ ಮಾರಿ ಮತ್ತೆ ಮಗಳ ಸೈಕಲ್‌ಗೆ ಬಂದೆ.

ಇನ್ನು ಮುಳ್ಳಿನ ಕತೆ. ನಮ್ಮೂರ ಹೆಸರೇ ಇಟ್ಕೊಂಡಿರೋ ಬಳ್ಳಾರಿ ಜಾಲಿ ಐತಲ್ಲ, ಅದು ಬೇರೆ ದೇಶದಿಂದ ಬಂದ ಗಿಡ ಅಂತೆ, ಬಂದಿದ್ದು ನನ್ನ ಟೈರ್‌ಗೋಸ್ಕರಾನೇ ಅನ್ನಿಸಿಬಿಟ್ಟಿತ್ತು. ಮೊದಲ ಎರಡು ತಿಂಗಳಲ್ಲಿ ಒಂಬತ್ತು ಪಂಚರ್. ಖಾಲಿ ಸೈಟ್ ಪಕ್ಕದಾಗೆ ಜಾಲಿ ಕಡಿದು ರೋಡ್ ಅಂಚಿಗೆ ಎಳೆದು ಹಾಕಿರ್ತಾರೆ, ಲಾರಿ ಬಂತು ಅಂತ ಅಂಚಿಗೆ ಸರಿದ್ರೆ ಮುಗೀತು. ಪಂಚರ್ ಹಾಕಿಸ್ತೀನಿ, ಎರಡು ದಿನಕ್ಕೆ ಅದೇ ಜಾಗದಲ್ಲಿ ಮತ್ತೆ ಗಾಳಿ ಇಳಿಯೋದು, ಟ್ಯೂಬೇ ಸರಿ ಇಲ್ಲ ಅಂತ ಹೊಸದು ಹಾಕ್ಸಿದೆ, ಅದೂ ಹೋಯ್ತು. ಕೊನೆಗೆ ನಮ್ಮ ಪಂಚರ್ ಅಂಗಡಿ ಚಾಚಾನ ಮುಂದೆ ಕೂತು ಗೋಳಾಡಿದೆ. "ಯಣ್ಣಾ, ಮುಳ್ಳು ಮುರಿದು ಟೈರ್ ಒಳಗೇ ಕೂತೈತೆ, ಟ್ಯೂಬ್ ಬದ್ಲಿ ಮಾಡಿದ್ರೆ ಏನ್ ಬಂತು" ಅಂತ ಹೇಳಿ ಟೈರ್ ತಿರುವಿ ನನ್ನ ಬೆರಳು ಹಿಡಿದು ಒಳಗಡೆ ಸುತ್ತಾ ಸವರಿಸಿದ್ರು. ಹೊರಗಿಂದ ಕಾಣ್ತಾನೇ ಇರ್ಲಿಲ್ಲ, ಒಳಗೆ ಸೂಜಿ ಮೊನೆ ಥರ ಚುಚ್ತು. ಹಿಂಗೆ ನಾಲ್ಕು ಸಿಕ್ಕವು, ಇಕ್ಕಳದಲ್ಲಿ ಕಿತ್ರು. ಆಮೇಲೆ ಒಂದು ಹಳೇ ಟ್ಯೂಬ್‌ನ ಉದ್ದಕ್ಕೆ ಸೀಳಿ ಟೈರಿಗೂ ಟ್ಯೂಬಿಗೂ ನಡುವೆ ಪಟ್ಟಿ ಹಂಗೆ ಕೂರಿಸಿದ್ರು. ಸೈಕಲ್ ಸ್ವಲ್ಪ ಭಾರ ಎಳೆಯುತ್ತೆ ನಿಜ, ಆದ್ರೆ ಅವತ್ತಿಂದ ಇವತ್ತಿನವರೆಗೆ ಮೂರೇ ಪಂಚರ್. ಇನ್ನೊಂದು ಮಾತು ಅವರೇ ಹೇಳಿದ್ದು, ಬೇಸಿಗೇಲಿ ಸೈಕಲ್ ಬಿಸಿಲಿಗೆ ನಿಲ್ಸಬೇಡ, ಪ್ಯಾಚ್ ಅಂಟು ಬಿಟ್ಕೊಳ್ಳುತ್ತೆ ಅಂತ. ಹಂಗೇ ಆಗಿತ್ತು ಒಂದ್ಸಲ, ಮಧ್ಯಾಹ್ನ ಟೀ ಕುಡಿಯೋ ಹೊತ್ತಿಗೆ ನಿಂತಲ್ಲೇ ಟುಸ್ ಅಂತು.

ಈಗ ಬಿಸಿಲಿಗೆ ಬರ್ತೀನಿ, ಎಲ್ರೂ ಕೇಳೋದು ಅದೇ. ಏಪ್ರಿಲ್ ಮೇನಾಗೆ 40 ಡಿಗ್ರಿ ದಾಟೋ ಊರಲ್ಲಿ ಸೈಕಲ್ ತುಳೀತೀಯಾ, ಹುಚ್ಚಾ ಅಂತ. ನನ್ನ ಅನುಭವದಾಗೆ ಬಿಸಿಲಿನ ಸಮಸ್ಯೆ ಸೈಕಲ್ದು ಅಲ್ಲ, ಗಡಿಯಾರದ್ದು. ಬೆಳಿಗ್ಗೆ ಏಳಕ್ಕೆ ಹೊರಟ್ರೆ ಬೆವರು ಬರೋದ್ರೊಳಗೆ ಯುನಿಟ್ ಸೇರಿರ್ತೀನಿ, ದಾರೀಲಿ ಒಗ್ಗರಣಿ ಮಿರ್ಚಿ ತಿನ್ನೋಕೂ ಟೈಮ್ ಇರುತ್ತೆ (ಅದಕ್ಕೇ ತೂಕ ಮಾತ್ರ ಇಳಿದಿಲ್ಲ). ಹತ್ತಕ್ಕೆ ಹೊರಟ್ರೆ ಅದೇ ರೋಡು ಹೆಂಚು. ನಮ್ಮ ಕಡೆ ಸರ್ಕಾರಿ ಆಫೀಸ್‌ಗಳಿಗೆ ಏಪ್ರಿಲ್ ಮೇನಲ್ಲಿ ಬೆಳಿಗ್ಗೆ 8ರಿಂದ ಮಧ್ಯಾಹ್ನ 1:30 ಅಂತ ಟೈಮ್ ಮಾಡ್ತಾರಲ್ಲ, ನಾನೂ ಮಾಲೀಕರಿಗೆ ಅದನ್ನೇ ಕೇಳಬೇಕು ಅಂತಿದ್ದೆ. ಆಮೇಲೆ ಹೊಳೀತು, ಸೈಕಲ್‌ನೋರಿಗೆ ಅದು ಉಲ್ಟಾ: ಹೋಗೋದು ತಂಪಲ್ಲಿ, ಬರೋದು ಕೆಂಡದಲ್ಲಿ. ಹಂಗಾಗಿ ಬೇರೆ ಥರ ಕೇಳಿದೆ, ಏಳೂವರೆಗೆ ಬಂದು ಲೆಕ್ಕದ ಕೆಲಸ ಮುಗಿಸ್ತೀನಿ, ಊಟ ಆದ್ಮೇಲೆ ಎರಡು ತಾಸು ಬಿಡ್ರಿ, ಆರಕ್ಕೆ ಹೋಗ್ತೀನಿ ಅಂತ. ನಗಾಡ್ತಾ ಒಪ್ಕೊಂಡ್ರು. ಬೇಸಿಗೇಲಿ ಮಧ್ಯಾಹ್ನ ಗೋಡೌನ್‌ನಾಗೆ ಡೆನಿಮ್ ತಾನ್‌ಗಳ ಮೇಲೆ ಮಲಗ್ತೀನಿ, ಅಂಥಾ ನಿದ್ದೆ ಮನೇಲೂ ಬರಲ್ಲ. ಬ್ಯಾಗ್‌ನಾಗೆ ಒಂದು ಶರ್ಟು, ಕುತ್ತಿಗೆಗೆ ಒದ್ದೆ ಟವಲ್, ಉಪ್ಪು ಹಾಕಿದ ಮಜ್ಜಿಗೆ ಬಾಟ್ಲಿ, ಇಷ್ಟೇ ನನ್ನ ತಯಾರಿ.

ಬಿಸಿಲಿಗಿಂತ ನನಗೆ ಕಷ್ಟ ಆಗಿದ್ದು ಗಾಳಿ. ಆಷಾಢದಾಗೆ ಪಡುವಣ ಗಾಳಿ ಬೀಸುತ್ತೆ, ಬೆಳಿಗ್ಗೆ ಬೆನ್ನಿಗೆ ನೂಕ್ಕೊಂಡು ಹೋಗುತ್ತೆ, ಖುಷಿ. ಸಂಜೆ ಅದೇ ಗಾಳಿ ಎದೆಗೆ ಬಡಿಯುತ್ತೆ, ಇಪ್ಪತ್ತೈದು ನಿಮಿಷದ ದಾರಿ ನಲವತ್ತು, ಕಣ್ಣು ಬಾಯಿಗೆಲ್ಲ ಕೆಂಪು ಧೂಳು. ಇದಕ್ಕೆ ಉಪಾಯ ಇಲ್ಲ, ಬಗ್ಗಿ ತುಳಿಯೋದೇ.

ದುಡ್ಡು ಉಳಿಯುತ್ತಾ ಅಂದ್ರೆ, ಬೈಕ್‌ಗೆ ದಿನಕ್ಕೆ ಕಾಲು ಲೀಟರ್ ಪೆಟ್ರೋಲ್ ಅಂದ್ರೂ ತಿಂಗಳಿಗೆ ಆರುನೂರೋ ಏಳುನೂರೋ. ಅದಕ್ಕೋಸ್ಕರ ಯಾರೂ ಸೈಕಲ್ ಹತ್ತಲ್ಲ, ಲೆಕ್ಕ ಬರೆಯೋನಾಗಿ ಹೇಳ್ತಿದೀನಿ.

ಮುಂದೆ ಸೈಕಲ್ ಕಾಲ ಬರುತ್ತೆ ಅಂತ ಮಾತಾಡೋರು ಬಾಡಿಗೆ ಸೈಕಲ್ಲು, ಬಣ್ಣ ಬಳಿದ ಲೇನು ಅಂತಾರೆ. ಮೈಸೂರಲ್ಲಿ 2017ರಲ್ಲಿ ಟ್ರಿಣ್ ಟ್ರಿಣ್ ಅಂತ ಬಾಡಿಗೆ ಸೈಕಲ್ ಶುರು ಮಾಡಿದ್ರು, ಆ ಊರಿನ ಹವಾ, ಮರಗಳು, ಟೂರಿಸ್ಟ್‌ಗಳಿಗೆ ಅದು ಒಪ್ಪುತ್ತೆ. ಇಲ್ಲಿ ಬಯಲಲ್ಲಿ ಸ್ಟ್ಯಾಂಡ್ ಮಾಡಿ ನಿಲ್ಸಿದ್ರೆ ಮಧ್ಯಾಹ್ನ ಸೀಟ್ ಮೇಲೆ ಕೂರೋನು ಯಾರು? ನಮ್ಮ ಸ್ಟೋರ್ ಹುಡುಗ ಬ್ಯಾಟರಿ ಸೈಕಲ್ ತಗೊಂಡಿದಾನೆ, 250 ವ್ಯಾಟ್ ಒಳಗೆ, ಗಂಟೆಗೆ 25 ಕಿಲೋಮೀಟರ್ ಸ್ಪೀಡ್ ಮೀರದಂಗೆ ಇದ್ರೆ ರಿಜಿಸ್ಟ್ರೇಷನ್ ಲೈಸೆನ್ಸ್ ಏನೂ ಬೇಡ. ಆಷಾಢದ ಗಾಳೀಲಿ ನನ್ನ ಪಕ್ಕದಲ್ಲೇ ಸಿಳ್ಳೆ ಹಾಕ್ಕೊಂಡು ಹೋಗ್ತಾನೆ, ಹೊಟ್ಟೆ ಉರಿಯುತ್ತೆ. ಆದ್ರೆ ಅವನಿಗೂ ನೆರಳಿನ ಚಿಂತೆನೇ, ಲಿಥಿಯಂ ಬ್ಯಾಟರಿ ಕಾದಿದ್ದಾಗ ಚಾರ್ಜ್‌ಗೆ ಹಾಕಬಾರದು, 45 ಡಿಗ್ರಿ ಮೇಲೆ ಹೋದ್ರೆ ಬ್ಯಾಟರಿ ಆಯಸ್ಸು ಕಮ್ಮಿ. ಬಿಸಿಲಲ್ಲಿ ನಿಂತಿದ್ದನ್ನ ತಂದು ಮೊದಲು ಒಂದು ತಾಸು ಒಳಗೆ ತಣ್ಣಗೆ ಇಡ್ತಾನೆ, ಆಮೇಲೆ ಪ್ಲಗ್ಗು.

ಹಂಗಾಗಿ ಈ ವರ್ಷ ಯುಗಾದಿ ಆದ್ಮೇಲೆ ನಾವಿಬ್ರೂ ಹೋಗಿ ಮಾಲೀಕರ ಹತ್ರ ನೆರಳು ಕೇಳಿದ್ವಿ. ಲೇನ್ ಹಾಕೋದು ಅವರ ಕೈಲಿಲ್ಲ, ನಾಲ್ಕು ತಗಡು ಹಾಕೋದು ಐತಲ್ಲ. ಗೋಡೌನ್ ಗೋಡೆಗೆ ಒತ್ತಿ ಹಾಕ್ಸಿಕೊಟ್ರು. ಮೊದಲು ನಮ್ಮ ಎರಡೇ ಸೈಕಲ್ ಇದ್ವು. ಈಗ ಐದು ನಿಲ್ತಾವೆ, ಅದರಾಗೆ ಎರಡು ಹೊಲಿಯೋ ಹೆಣ್ಮಕ್ಕಳವು, ಒಂದು ಥೇಟ್ ನನ್ನ ಮಗಳ ಸೈಕಲ್ ಥರದ್ದೇ. ಹೋದ ವಾರ ಬಂದು ನೋಡ್ತೀನಿ, ನನ್ನ ಜಾಗದಾಗೆ ಕಟಿಂಗ್ ಮಾಸ್ಟರ್ ಬುಲೆಟ್ ನಿಲ್ಸಿದಾನೆ. ಕೇಳಿದ್ರೆ "ಯಣ್ಣಾ, ಸೀಟ್ ಕಾಯ್ತೈತೆ" ಅಂತಾನೆ.