ಚೌಕಕ್ಕೆ ಚೌಕ ಜೋಡಿಸಿ ಕ್ರೋಶಾ ಹೊದಿಕೆ

ಸೀರೆಗೆ ಕ್ರೋಶಾ ಕುಚ್ಚು ಹಾಕಲು ಬರುವವರಿಗೆ ಹೊದಿಕೆ ಹೆಣೆಯುವ ಕೆಲಸ ಅರ್ಧ ಬಂದಂತೆಯೇ. ಇಲ್ಲೂ ಅದೇ ಚೈನ್, ಅದೇ ಡಬಲ್ ಕ್ರೋಶಾ. ರೇಷ್ಮೆ ದಾರದ ಜಾಗದಲ್ಲಿ ಉಲ್ಲನ್ ಬರುತ್ತದೆ, ಕಡ್ಡಿ ದಪ್ಪವಾಗುತ್ತದೆ, ಅಷ್ಟೇ. ಕಡ್ಡಿಯನ್ನೇ ಹಿಡಿಯದವರೂ ಧೈರ್ಯವಾಗಿ ಶುರುಮಾಡಬಹುದು.

ಅಮೆರಿಕದಲ್ಲಿ ಅಫ್ಘನ್ ಎಂದು ಕರೆಯುವ ಈ ಹೊದಿಕೆಯನ್ನು ಹೆಣೆಯುವ ಬಗೆಗಳು ಹಲವು. ಮೊದಲ ಸಲಕ್ಕೆ ನಾನು ಹೇಳುವುದು ಗ್ರ್ಯಾನಿ ಸ್ಕ್ವೇರ್ ಒಂದನ್ನೇ, ಅಂದರೆ ನಡುವಿನಿಂದ ಸುತ್ತು ಸುತ್ತಾಗಿ ಹೆಣೆಯುವ ಪುಟ್ಟ ಚೌಕ. ಉದ್ದುದ್ದ ಸಾಲು ಹೆಣೆಯುವಾಗ ಅಂಚಿನಲ್ಲಿ ಹೊಲಿಗೆ ತಪ್ಪುತ್ತಾ ಹೋದರೆ ಹೊದಿಕೆಯ ಅಗಲವೇ ಕುಗ್ಗುತ್ತದೆ. ಚೌಕದಲ್ಲಾದರೆ ತಪ್ಪು ಆ ಚೌಕಕ್ಕೇ ಮುಗಿಯಿತು, ಬಿಚ್ಚಿದರೂ ಹೆಚ್ಚು ನಷ್ಟವಿಲ್ಲ. ಇಂಥ ಚೌಕದ ವಿನ್ಯಾಸ 1885ರಷ್ಟು ಹಿಂದೆಯೇ ಅಮೆರಿಕದ ಕೃಷಿ ಪತ್ರಿಕೆಯೊಂದರಲ್ಲಿ ಅಚ್ಚಾಗಿತ್ತು. ಉಳಿದ ತುಂಡು ದಾರವೂ ಇದರಲ್ಲಿ ಸಲ್ಲುತ್ತದೆ.

ಬೇಕಾಗುವ ಸಾಮಾನು

ತುದಿಯಲ್ಲಿ ಕೊಕ್ಕೆ ಇರುವ 4 ಮಿ.ಮೀ. ಕ್ರೋಶಾ ಕಡ್ಡಿ, ಅದಕ್ಕೆ ಹೊಂದುವ ಅಕ್ರಿಲಿಕ್ ಉಲ್ಲನ್, ದೊಡ್ಡ ಕಣ್ಣಿನ ಮೊಂಡು ಸೂಜಿ, ಕತ್ತರಿ. ಯಾವ ದಾರಕ್ಕೆ ಎಷ್ಟು ದಪ್ಪದ ಕಡ್ಡಿ ಎಂಬುದು ಉಂಡೆಯ ಲೇಬಲ್ಲಿನ ಮೇಲೆಯೇ ಇರುತ್ತದೆ. ಕರಾವಳಿಯ ಸೆಕೆಗೆ ಹತ್ತಿ ದಾರ ಹಿತ, ಆದರೆ ಹೊದಿಕೆ ಭಾರವಾಗುತ್ತದೆ. ಕಲಿಯುವಾಗ ಕಪ್ಪು ಬಣ್ಣ ಬೇಡ, ಹೊಲಿಗೆಯೇ ಕಾಣುವುದಿಲ್ಲ.

ಚೌಕ ಹೆಣೆಯುವುದು

ದಾರಕ್ಕೆ ಜಾರುಗಂಟು ಹಾಕಿ ಕಡ್ಡಿಗೆ ಏರಿಸಿ. ಕಡ್ಡಿಯಿಂದ ದಾರ ಹಿಡಿದು ಕುಣಿಕೆಯೊಳಗಿಂದ ಎಳೆದರೆ ಒಂದು ಚೈನ್. ಹೀಗೆ ನಾಲ್ಕು ಚೈನ್ ಹೆಣೆದು, ಮೊದಲ ಚೈನಿಗೆ ಸ್ಲಿಪ್ ಸ್ಟಿಚ್ ಹಾಕಿದರೆ (ಕಡ್ಡಿ ತೂರಿಸಿ, ದಾರ ಹಿಡಿದು, ಚೈನ್ ಮತ್ತು ಕಡ್ಡಿಯ ಮೇಲಿನ ಕುಣಿಕೆ ಎರಡರಿಂದಲೂ ಒಮ್ಮೆಗೇ ಎಳೆಯುವುದು) ಪುಟ್ಟ ಉಂಗುರವಾಗುತ್ತದೆ. ಈಗ ಮೂರು ಚೈನ್ ಹಾಕಿ. ಇದನ್ನು ಒಂದು ಡಬಲ್ ಕ್ರೋಶಾ ಎಂದೇ ಲೆಕ್ಕ ಹಿಡಿಯಬೇಕು.

ಡಬಲ್ ಕ್ರೋಶಾವನ್ನು ನಿಧಾನವಾಗಿ ಕಲಿಯಿರಿ. ದಾರವನ್ನು ಕಡ್ಡಿಗೆ ಒಮ್ಮೆ ಸುತ್ತಿ, ಕಡ್ಡಿಯನ್ನು ಉಂಗುರದೊಳಗೆ ತೂರಿಸಿ, ದಾರವನ್ನು ಹೊರಗೆಳೆಯಿರಿ. ಕಡ್ಡಿಯ ಮೇಲೆ ಮೂರು ಕುಣಿಕೆಗಳು ಕಾಣುತ್ತವೆ. ದಾರ ಹಿಡಿದು ಎರಡು ಕುಣಿಕೆಗಳಿಂದ ಎಳೆಯಿರಿ, ಮತ್ತೆ ದಾರ ಹಿಡಿದು ಉಳಿದ ಎರಡರಿಂದ ಎಳೆಯಿರಿ. ಒಂದು ಹೊಲಿಗೆ ಮುಗಿಯಿತು. ಹೀಗೆ ಇನ್ನೊಂದು ಹಾಕಿದರೆ ಮೊದಲಿನ ಮೂರು ಚೈನ್ ಸೇರಿ ಮೂರರ ಗುಂಪಾಯಿತು. ಎರಡು ಚೈನ್ ಹಾಕಿ, ಅದು ಮೂಲೆ. ಇದೇ ರೀತಿ ನಾಲ್ಕು ಗುಂಪು, ನಾಲ್ಕು ಮೂಲೆ ಆದ ಮೇಲೆ ಆರಂಭದ ಮೂರನೇ ಚೈನಿಗೆ ಸ್ಲಿಪ್ ಸ್ಟಿಚ್ ಹಾಕಿ ಸುತ್ತು ಮುಚ್ಚಿ.

ಎರಡನೇ ಸುತ್ತಿಗೆ ಸ್ಲಿಪ್ ಸ್ಟಿಚ್ ಹಾಕುತ್ತಾ ಪಕ್ಕದ ಮೂಲೆಗೆ ಸರಿಯಿರಿ. ಪ್ರತಿ ಮೂಲೆಯ ಕಿಂಡಿಯಲ್ಲೂ ಮೂರು ಡಬಲ್, ಎರಡು ಚೈನ್, ಮತ್ತೆ ಮೂರು ಡಬಲ್. ಒಂದು ಮೂಲೆಯಿಂದ ಮತ್ತೊಂದಕ್ಕೆ ಹೋಗುವಾಗ ಒಂದು ಚೈನ್. ಮೂರನೇ ಸುತ್ತಿನಿಂದ ಮೂಲೆಯಲ್ಲಿ ಇದೇ ಕ್ರಮ; ಬದಿಯ ಪ್ರತಿ ಕಿಂಡಿಯಲ್ಲಿ ಮೂರರ ಒಂದೇ ಗುಂಪು, ಗುಂಪುಗಳ ನಡುವೆ ಒಂದು ಚೈನ್. ನಾಲ್ಕು ಸುತ್ತಿಗೆ ನಿಲ್ಲಿಸಬಹುದು.

ಪ್ರತಿ ಸುತ್ತಿನ ಕೊನೆಗೂ ಎಣಿಸಿ ನೋಡಿ. ಗುಂಪುಗಳು ಮೊದಲ ಸುತ್ತಿನಲ್ಲಿ 4, ಎರಡನೆಯದರಲ್ಲಿ 8, ಮೂರಕ್ಕೆ 12, ನಾಲ್ಕಕ್ಕೆ 16 ಇರಬೇಕು. ಚೌಕ ಬಟ್ಟಲಿನಂತೆ ಗುಳಿಬಿದ್ದರೆ ಕೈ ಬಿಗಿಯಾಗಿದೆ, ಇಲ್ಲವೇ ಮೂಲೆಯ ಚೈನ್ ತಪ್ಪಿದೆ.

ವಿಡಿಯೊ ನೋಡಿ ಕಲಿಯುವವರಿಗೆ ಒಂದು ಮಾತು: ಅಮೆರಿಕದವರು ಡಬಲ್ ಎನ್ನುವ ಇದೇ ಹೊಲಿಗೆ ಬ್ರಿಟನ್ನಿನಲ್ಲಿ ಟ್ರೆಬಲ್. ವಿನ್ಯಾಸ ಯಾವ ದೇಶದ್ದೆಂದು ಮೊದಲೇ ನೋಡಿಕೊಳ್ಳಿ.

ದಾರದ ಲೆಕ್ಕ

ಒಂದು ಚೌಕ ಮುಗಿಸಿ, ಅಳೆದು, ತೂಗಿ. 13 ಸೆಂ.ಮೀ. ಬಂದರೆ ಅಗಲಕ್ಕೆ 8, ಉದ್ದಕ್ಕೆ 10, ಒಟ್ಟು 80 ಚೌಕಗಳಿಂದ 104ಕ್ಕೆ 130 ಸೆಂ.ಮೀ. ಹೊದಿಕೆಯಾಗುತ್ತದೆ, ಸೋಫಾದಲ್ಲಿ ಕಾಲ ಮೇಲೆ ಹೊದೆಯಲು ಸಾಕು. ಚೌಕ 10 ಗ್ರಾಂ ತೂಗಿದರೆ 80ಕ್ಕೆ 800 ಗ್ರಾಂ. ಜೋಡಣೆಗೆ ಮತ್ತು ಅಂಚಿಗೆ ಇನ್ನಷ್ಟು ಸೇರಿಸಿ. ಎಲ್ಲ ಚೌಕಗಳ ಕೊನೆಯ ಸುತ್ತಿಗೆ ಬರುವ ಬಣ್ಣವನ್ನು ಮಾತ್ರ ಒಂದೇ ಸಲ ಕೊಳ್ಳಿ. ಲೇಬಲ್ಲಿನ ಲಾಟ್ ಸಂಖ್ಯೆ ಬೇರೆಯಾದರೆ ಅದೇ ಬಣ್ಣವೂ ತುಸು ಬೇರೆಯಾಗಿ ಕಾಣುತ್ತದೆ.

ತುದಿಗಳು ಮತ್ತು ಜೋಡಣೆ

ಈ ಮಾತನ್ನು ಒತ್ತಿ ಹೇಳುತ್ತೇನೆ: ಪ್ರತಿ ಚೌಕದ ದಾರದ ತುದಿಗಳನ್ನು ಅದೇ ದಿನ ಸೂಜಿಯಿಂದ ಹೊಲಿಗೆಗಳೊಳಗೆ ಸೇರಿಸಿಬಿಡಿ. ಕೊನೆಗೆ ನೋಡೋಣ ಎಂದು ಬಿಟ್ಟರೆ ನೂರಾರು ತುದಿಗಳು ಎದುರು ನಿಲ್ಲುತ್ತವೆ, ಹೊದಿಕೆ ಅರ್ಧಕ್ಕೇ ಕಪಾಟು ಸೇರುತ್ತದೆ. ಒಂದು ದಿಕ್ಕಿಗೆ ಪೋಣಿಸಿ, ತಿರುಗಿ ಹಿಂದಕ್ಕೆ ಪೋಣಿಸಿ, ಆಮೇಲೆ ಕತ್ತರಿಸಿ. ಬರೀ ಗಂಟು ಹಾಕಿದರೆ ಒಗೆತದಲ್ಲಿ ಬಿಚ್ಚಿಕೊಳ್ಳುತ್ತದೆ.

ಎಲ್ಲ ಚೌಕಗಳನ್ನು ನೆಲದ ಮೇಲೆ ಹರಡಿ ಬಣ್ಣ ಹೊಂದಿಸಿ, ಫೋನಿನಲ್ಲಿ ಚಿತ್ರ ತೆಗೆದುಕೊಳ್ಳಿ. ಎರಡು ಚೌಕಗಳನ್ನು ಮುಖಕ್ಕೆ ಮುಖ ಇಟ್ಟು ಸಿಂಗಲ್ ಕ್ರೋಶಾದಿಂದ ಸೇರಿಸಿ: ಕಡ್ಡಿಯನ್ನು ಎರಡರೊಳಗೂ ತೂರಿಸಿ ದಾರ ಹೊರಗೆಳೆದು, ಮತ್ತೆ ದಾರ ಹಿಡಿದು ಎರಡು ಕುಣಿಕೆಗಳಿಂದ ಎಳೆಯುವುದು. ಅಡ್ಡ ಸಾಲುಗಳೆಲ್ಲ ಮೊದಲು, ಆಮೇಲೆ ಉದ್ದ ಸಾಲುಗಳು. 2016ರಲ್ಲಿ ಚೆನ್ನೈಯಲ್ಲಿ ನೂರಾರು ಮಹಿಳೆಯರು ಹೆಣೆದ ತುಂಡುಗಳನ್ನು ಹೀಗೆಯೇ ಒಂದಕ್ಕೊಂದು ಸೇರಿಸಿ 11,148.5 ಚದರ ಮೀಟರ್ ಹೊದಿಕೆ ಮಾಡಿ ಗಿನ್ನೆಸ್ ದಾಖಲೆ ಬರೆದರು! ಸುತ್ತಲೂ ಎರಡು ಸುತ್ತು ಅಂಚು ಹೆಣೆದರೆ ಹೊದಿಕೆ ಸಿದ್ಧ.

ತಣ್ಣೀರಿನಲ್ಲಿ ಒಗೆದು, ಹಿಂಡದೆ ಟವೆಲ್ಲಿನಲ್ಲಿ ಒತ್ತಿ ನೀರು ತೆಗೆದು, ಹಾಸಿ ಒಣಗಿಸಿ. ಹಗ್ಗಕ್ಕೆ ನೇತುಹಾಕಿದರೆ ಜೋಲುತ್ತದೆ. ಅಕ್ರಿಲಿಕ್ ಹೊದಿಕೆಗೆ ಇಸ್ತ್ರಿ ಪೆಟ್ಟಿಗೆ ತಾಗಿಸಲೇಬೇಡಿ, ದಾರ ಕರಗುತ್ತದೆ.